ದಾವಣಗೆರೆ ಬೆಳೆಯುವುದು ಮೇಲಕ್ಕೋ, ಹರಿಹರದತ್ತಲೋ?

ದಾವಣಗೆರೆಯ ಬಾನಂಚನ್ನು ಬಹುಕಾಲ ಆಳಿದ್ದು ಕಟ್ಟಡಗಳಲ್ಲ, ಚಿಮಣಿಗಳು. 1930ರ ದಶಕದಲ್ಲಿ ದಾವಣಗೆರೆ ಕಾಟನ್ ಮಿಲ್ಲಿನಿಂದ ಆರಂಭವಾಗಿ ಒಂದರ ಹಿಂದೊಂದರಂತೆ ಎದ್ದ ಹತ್ತಿ ಗಿರಣಿಗಳು ಈ ಊರಿಗೆ 'ಕರ್ನಾಟಕದ ಮ್ಯಾಂಚೆಸ್ಟರ್' ಎಂಬ ಬಿರುದನ್ನು ತಂದುಕೊಟ್ಟವು. ಹದಿನಾಲ್ಕು ಕಿಲೋಮೀಟರ್ ದೂರದ ಹರಿಹರದಲ್ಲಿ 1941ರಲ್ಲಿ ಮೈಸೂರು ಕಿರ್ಲೋಸ್ಕರ್ ಯಂತ್ರೋಪಕರಣ ಕಾರ್ಖಾನೆ ನೆಲೆಯೂರಿತು. ತುಂಗಭದ್ರೆಯ ಆಚೆ ದಡದ ಕುಮಾರಪಟ್ಟಣದಲ್ಲಿ 1970ರ ದಶಕದಲ್ಲಿ ಪಾಲಿಫೈಬರ್ಸ್ ಕಾರ್ಖಾನೆಯ ಚಿಮಣಿಗಳು ಎದ್ದವು. ಆ ಎತ್ತರಗಳಿಗೆ ಒಂದು ಅರ್ಥವಿತ್ತು. ಅವುಗಳ ಬುಡದಲ್ಲಿ ಮೂರು ಪಾಳಿಯ ದುಡಿಮೆಯಿತ್ತು.

ಗಿರಣಿಗಳು ಮುಚ್ಚಿದವು, ಹರಿಹರದ ಕಿರ್ಲೋಸ್ಕರ್ ಕೂಡ ಹೊಸ ಶತಮಾನದ ಹೊಸ್ತಿಲಲ್ಲಿ ಬಾಗಿಲು ಹಾಕಿತು. ಈಗ ಏಳುತ್ತಿರುವ ಎತ್ತರ ಬೇರೆ ಬಗೆಯದು. ಹಳೆಯ ಬಡಾವಣೆಗಳಲ್ಲಿ ಹಂಚಿನ ಮನೆ, ಒಂಟಿ ಮನೆಗಳು ಕೆಡವಲ್ಪಟ್ಟು ನಾಲ್ಕೈದು ಮಹಡಿಯ ವಸತಿ ಸಮುಚ್ಚಯಗಳು ಬರುತ್ತಿವೆ. ಆಸ್ಪತ್ರೆ, ವಾಣಿಜ್ಯ ಸಂಕೀರ್ಣಗಳು ಅದಕ್ಕೂ ಮೇಲೆ ಹೋಗಲು ಹವಣಿಸುತ್ತಿವೆ. ಇದನ್ನು ಕಂಡು ಹೆಮ್ಮೆಪಡುವವರು ಒಂದೆಡೆ, 'ಊರು ಬೆಂಗಳೂರಾಗುತ್ತಿದೆ' ಎಂದು ಹಳಹಳಿಸುವವರು ಇನ್ನೊಂದೆಡೆ. ಎರಡೂ ಪಕ್ಷಗಳು ಕೇಳದಿರುವ ಪ್ರಶ್ನೆಯೊಂದಿದೆ: ಊರು ಮೇಲಕ್ಕೆ ಬೆಳೆಯದಿದ್ದರೆ ಎತ್ತ ಬೆಳೆಯುತ್ತದೆ?

ಗಗನಚುಂಬಿಯ ತವರೆನಿಸಿದ ಅಮೆರಿಕದ ಷಿಕಾಗೋ ನಗರದ ಕಥೆ ಇಲ್ಲಿ ಉಪಯುಕ್ತ. 1871ರ ಮಹಾ ಅಗ್ನಿ ಅನಾಹುತದಲ್ಲಿ ಸುಮಾರು ಒಂದು ಲಕ್ಷ ಜನ ಮನೆ ಕಳೆದುಕೊಂಡರು. ಮರದ ನಗರ ಸುಟ್ಟುಹೋದ ಜಾಗದಲ್ಲಿ ಕಬ್ಬಿಣ, ಉಕ್ಕು, ಇಟ್ಟಿಗೆಯ ನಗರ ಏಳಬೇಕಾಯಿತು. 1885ರಲ್ಲಿ ವಿಲಿಯಂ ಲೆ ಬ್ಯಾರನ್ ಜೆನ್ನಿ ಎಂಬ ಎಂಜಿನಿಯರ್ ರೂಪಿಸಿದ ಹತ್ತು ಮಹಡಿಯ ಹೋಮ್ ಇನ್ಶೂರೆನ್ಸ್ ಕಟ್ಟಡದಲ್ಲಿ ಭಾರದ ಬಹುಪಾಲನ್ನು ಹೊತ್ತದ್ದು ಗೋಡೆಯಲ್ಲ, ಲೋಹದ ಚೌಕಟ್ಟು. ಈ ಬದಲಾವಣೆಯ ಮಹತ್ವವನ್ನು ಅರಿಯಲು ಅದೇ ಊರಿನ ಮೊನಾಡ್ನಾಕ್ ಕಟ್ಟಡವನ್ನು ನೋಡಬೇಕು. 1891ರಲ್ಲಿ ಪೂರ್ಣಗೊಂಡ ಅದರ ಉತ್ತರ ಭಾಗದ ಹದಿನಾರು ಮಹಡಿಗಳನ್ನು ಹಳೆಯ ಪದ್ಧತಿಯಂತೆ ಇಟ್ಟಿಗೆಯ ಗೋಡೆಗಳೇ ಹೊತ್ತಿವೆ. ಪರಿಣಾಮವಾಗಿ ಬುಡದ ಗೋಡೆ ಆರು ಅಡಿ ದಪ್ಪ! ಮೆತ್ತನೆಯ ಜೇಡಿಮಣ್ಣಿನ ಮೇಲೆ ನಿಂತ ಆ ಭಾರ ದಶಕಗಳಲ್ಲಿ ಅಡಿಗೂ ಹೆಚ್ಚು ಕುಸಿಯಿತು. ಬೀದಿಯಿಂದ ನೆಲಮಹಡಿಗೆ ಮೆಟ್ಟಿಲಿಳಿದು ಹೋಗಬೇಕಾಯಿತು.

ಆದರೆ ತಂತ್ರಜ್ಞಾನವೊಂದೇ ಕಟ್ಟಡವನ್ನು ಎತ್ತರಿಸುವುದಿಲ್ಲ. ಒಂದೆಡೆ ಸರೋವರ, ಇನ್ನೊಂದೆಡೆ ನದಿ, ಮಗದೊಂದೆಡೆ ರೈಲ್ವೆ ಅಂಗಳ ಇವುಗಳ ನಡುವೆ ಸಿಲುಕಿದ್ದ ಷಿಕಾಗೋದ ವ್ಯಾಪಾರಿ ಕೇಂದ್ರಕ್ಕೆ ಹರಡಿಕೊಳ್ಳಲು ಜಾಗವಿರಲಿಲ್ಲ. ನೆಲದ ಬೆಲೆ ಏರಿತು. ಕಟ್ಟಡ ಅದರ ಬೆನ್ನು ಹತ್ತಿತು. ಬೆನ್ನಲ್ಲೇ ನಿಯಂತ್ರಣವೂ ಬಂತು ಎಂಬುದು ಗಮನಾರ್ಹ. 1893ರಲ್ಲಿಯೇ ಷಿಕಾಗೋ ನಗರಸಭೆ 130 ಅಡಿಯ ಮಿತಿ ಹೇರಿತು. ನ್ಯೂಯಾರ್ಕಿನಲ್ಲಿ 1915ರ ಈಕ್ವಿಟಬಲ್ ಕಟ್ಟಡ ನಿವೇಶನದ ಅಂಚಿನಿಂದಲೇ ನೇರ ಮೇಲೆದ್ದು ನೆರೆಯ ಬೀದಿಗಳನ್ನು ನೆರಳಿಗೆ ದೂಡಿದಾಗ, ಮರುವರ್ಷವೇ ವಲಯ ನಿಯಮ ಜಾರಿಯಾಯಿತು: ಎತ್ತರ ಹೆಚ್ಚಿದಂತೆ ಕಟ್ಟಡ ಹಿಂದಕ್ಕೆ ಸರಿಯಬೇಕು. ನೆರೆಯವನ ಬಿಸಿಲು ಕೂಡ ಒಂದು ಹಕ್ಕು ಎಂಬ ಮಾತು ಅಲ್ಲಿ ಕಾನೂನಿನ ರೂಪ ತಾಳಿತು.

ದಾವಣಗೆರೆಗೆ ಸರೋವರದ ಅಡ್ಡಿಯೂ ಇಲ್ಲ, ನದಿಯ ಅಡ್ಡಿಯೂ ಇಲ್ಲ. ಸುತ್ತ ಸಮತಟ್ಟಾದ ನೆಲ. ಹಾಗಿರುವಾಗ ಎತ್ತರವೇಕೆ ಎಂಬ ವಾದ ಮೇಲ್ನೋಟಕ್ಕೆ ಸಮಂಜಸವೆನಿಸುತ್ತದೆ. ಆದರೆ ಆ ಸಮತಟ್ಟಾದ ನೆಲ ಎಂಥದು? ಲಕ್ಕವಳ್ಳಿಯ ಭದ್ರಾ ಜಲಾಶಯದ ನಾಲೆಗಳು ಒಂದು ಲಕ್ಷ ಹೆಕ್ಟೇರಿಗೂ ಹೆಚ್ಚು ಭೂಮಿಗೆ ನೀರುಣಿಸುತ್ತವೆ. ದಾವಣಗೆರೆ, ಹರಿಹರಗಳ ಸುತ್ತಲಿನ ಭತ್ತದ ಗದ್ದೆಗಳು ಆ ಅಚ್ಚುಕಟ್ಟಿಗೆ ಸೇರಿದವು. ಹಳೆಯ ಪುಣೆ-ಬೆಂಗಳೂರು ರಸ್ತೆಯಲ್ಲಿ ಹರಿಹರದತ್ತ ಹೊರಟವರಿಗೆ ಬೇರೆ ಸಾಕ್ಷ್ಯ ಬೇಕಿಲ್ಲ. ಗದ್ದೆಯ ಬದುವಿನಲ್ಲಿ ಕಲ್ಲುಕಂಬ, ಅದರ ಮೇಲೆ ಬಡಾವಣೆಯ ಫಲಕ. ಸಾರ್ವಜನಿಕ ಹಣ ಸುರಿದು ನಾಲೆ ತೋಡಿ ನೀರು ತಂದ ನೆಲಕ್ಕೆ ನಾವೇ ಜಲ್ಲಿ ಹೊಡೆಯುತ್ತಿದ್ದೇವೆ. 2020ರಲ್ಲಿ ಭೂಸುಧಾರಣಾ ಕಾಯ್ದೆಯ 79ಎ, 79ಬಿ ಕಲಮುಗಳು ರದ್ದಾದ ಮೇಲೆ ಕೃಷಿಕರಲ್ಲದವರೂ ಹೊಲ ಕೊಳ್ಳಬಹುದಾಗಿದೆ. ಒತ್ತಡ ತಗ್ಗುವ ಲಕ್ಷಣವಿಲ್ಲ.

ಲೆಕ್ಕ ಹಾಕಿ ನೋಡೋಣ. ಒಂದು ಎಕರೆ ಎಂದರೆ 43,560 ಚದರ ಅಡಿ. ರಸ್ತೆ, ಉದ್ಯಾನ, ನಾಗರಿಕ ಸೌಲಭ್ಯಗಳಿಗೆ ಬಿಟ್ಟು ಸುಮಾರು ಶೇ 55ರಷ್ಟು ನಿವೇಶನಕ್ಕೆ ಉಳಿದರೆ 30x40 ಅಳತೆಯ ಇಪ್ಪತ್ತು ನಿವೇಶನಗಳಾಗುತ್ತವೆ. ಅದೇ ಎಕರೆಯಲ್ಲಿ ನೆಲದ ವಿಸ್ತೀರ್ಣದ ಎರಡು ಪಟ್ಟು ಕಟ್ಟಲು ಬಿಟ್ಟರೆ, ಮನೆಯೊಂದಕ್ಕೆ 1,200 ಚದರ ಅಡಿಯಂತೆ ಎಪ್ಪತ್ತು ಮನೆಗಳು. ರಸ್ತೆಗೆ, ಮರಗಳಿಗೆಂದು ಉದಾರವಾಗಿ ಕಳೆದರೂ ಐವತ್ತಕ್ಕೆ ಕೊರತೆಯಿಲ್ಲ. ಇದಕ್ಕೆ ಐವತ್ತು ಮಹಡಿ ಬೇಕಿಲ್ಲ, ಐದಾರು ಸಾಕು. ಊರೊಳಗಿನ ಹಳೆಯ ಗಿರಣಿ, ಗೋದಾಮು, ಒಂದಂತಸ್ತಿನ ವಸತಿಗೃಹಗಳ ಜಾಗದಲ್ಲಿ ಹತ್ತು ಎಕರೆಯನ್ನು ಹೀಗೆ ಬಳಸಿದರೆ ಇಪ್ಪತ್ತೈದು ಎಕರೆ ಗದ್ದೆ ಉಳಿಯುತ್ತದೆ. ನಿವೇಶನಗಳ ಮೇಲೂ ಮಹಡಿ ಏಳುತ್ತದೆ, ಬಾಡಿಗೆದಾರರು ಬರುತ್ತಾರೆ ಎಂಬ ಆಕ್ಷೇಪ ನಿಜವೇ. ಆದರೆ ಪಾರ್ಥೇನಿಯಂ ಬೆಳೆದು ಖಾಲಿ ಬಿದ್ದ ನಿವೇಶನಗಳೂ ಕಡಿಮೆಯಿಲ್ಲ. ನಮ್ಮಲ್ಲಿ ಸೈಟು ವಾಸಕ್ಕಷ್ಟೇ ಅಲ್ಲ. ಮಗಳ ಮದುವೆಗೆ, ಮಗನ ಸೀಟಿಗೆ ಇಟ್ಟುಕೊಂಡ ಬ್ಯಾಂಕು.

ಹಾಗೆಂದು ಎತ್ತರಕ್ಕೆ ಕಣ್ಣುಮುಚ್ಚಿ ಸಹಿ ಹಾಕುವುದೂ ತರವಲ್ಲ. ಬೆಂಗಳೂರಿನ ಮಹಾತ್ಮ ಗಾಂಧಿ ರಸ್ತೆಯಲ್ಲಿ 1973ರಲ್ಲಿ ತಲೆ ಎತ್ತಿದ 25 ಮಹಡಿಯ ಯುಟಿಲಿಟಿ ಕಟ್ಟಡವನ್ನು ಕತ್ತೆತ್ತಿ ನೋಡಿ ಬಂದವರು ಊರಿಗೆ ಮರಳಿ ಅದರ ಕಥೆ ಹೇಳಿದ ಕಾಲವೊಂದಿತ್ತು. ಆದರೆ ನಾವು ನೆನಪಿಡಬೇಕಾದ್ದು ಅದೇ ನಗರದ ಕಾರ್ಲ್‌ಟನ್ ಟವರ್ಸನ್ನು. 2010ರ ಫೆಬ್ರುವರಿ 23ರಂದು ಅಲ್ಲಿ ಬೆಂಕಿ ಕಾಣಿಸಿಕೊಂಡಾಗ ಒಂಬತ್ತು ಜನ ಸತ್ತರು; ಹೊಗೆಗೆ ಬೆದರಿ ಕಿಟಕಿಯಿಂದ ಜಿಗಿದವರೂ ಅವರಲ್ಲಿದ್ದರು. ಅದು ಗಗನಚುಂಬಿಯಲ್ಲ, ಕೇವಲ ಏಳು ಮಹಡಿಯ ಕಟ್ಟಡ. ರಾಷ್ಟ್ರೀಯ ಕಟ್ಟಡ ಸಂಹಿತೆ 15 ಮೀಟರ್ ದಾಟಿದ್ದನ್ನೆಲ್ಲ ಬಹುಮಹಡಿ ಎಂದು ಪರಿಗಣಿಸಿರುವುದು ವಿನಾಕಾರಣವಲ್ಲ. 90 ಮೀಟರ್ ತಲಪಬಲ್ಲ ಅಗ್ನಿಶಾಮಕ ಏಣಿ ರಾಜ್ಯಕ್ಕೆ ಬಂದದ್ದು 2023ರಲ್ಲಿ, ಅದೂ ರಾಜಧಾನಿಗೆ. ಜಿಲ್ಲಾ ಕೇಂದ್ರದ ಏಣಿ ಎಷ್ಟು ಎತ್ತರ ಮುಟ್ಟುತ್ತದೆಯೋ ಅಷ್ಟಕ್ಕೆ ಮಾತ್ರ ವಸತಿ ಕಟ್ಟಡದ ಪರವಾನಗಿ ಎಂದರೆ ಯಾರೂ ಮುನಿಯಬೇಕಿಲ್ಲ.

ನೆಲದ ಸ್ವಭಾವವೂ ಷಿಕಾಗೋವನ್ನು ನೆನಪಿಸುವಂಥದು. ಈ ಸೀಮೆಯ ಎರೆಮಣ್ಣು ಮಳೆಗೆ ಉಬ್ಬುತ್ತದೆ, ಬೇಸಿಗೆಗೆ ಬಿರಿಯುತ್ತದೆ. ಮಣ್ಣು ಪರೀಕ್ಷೆಯಿಲ್ಲದೆ ಪಕ್ಕದ ಕಟ್ಟಡದ ಅಡಿಪಾಯವನ್ನೇ ನಕಲು ಮಾಡುವ ಗುತ್ತಿಗೆದಾರಿಕೆ ಎರಡಂತಸ್ತಿಗೆ ಹೇಗೋ ನಡೆದೀತು, ಆರಂತಸ್ತಿಗಲ್ಲ. ಇನ್ನು ನೀರು. 2011ರ ಜನಗಣತಿಯಂತೆ ಸುಮಾರು 4.35 ಲಕ್ಷ ಜನರಿದ್ದ ದಾವಣಗೆರೆಯ ಬಾಯಾರಿಕೆ ನೀಗುವುದು ಭದ್ರಾ ನಾಲೆಯಿಂದ ತುಂಬುವ ಕುಂದವಾಡ ಕೆರೆ, ಟಿ.ವಿ. ಸ್ಟೇಷನ್ ಕೆರೆಗಳಿಂದ ಮತ್ತು ಹರಿಹರದ ಬಳಿಯ ರಾಜನಹಳ್ಳಿಯಲ್ಲಿ ತುಂಗಭದ್ರೆಯಿಂದ ಮೇಲೆತ್ತುವ ನೀರಿನಿಂದ. ಅಂದರೆ ದಾವಣಗೆರೆಯ ಪ್ರತಿ ಮಹಡಿಯ ನಲ್ಲಿಯೂ ಹರಿಹರದ ಹೊಳೆಗೆ ಋಣಿ. ಹರಡಿದ ಊರಿಗೆ ಕೊಳವೆಯನ್ನು ಮೈಲುಗಟ್ಟಲೆ ಎಳೆಯಬೇಕು. ಒತ್ತಾದ ಊರಿಗೆ ಒಂದೇ ಕಡೆ ದೊಡ್ಡ ಕೊಳವೆ, ದೊಡ್ಡ ಒಳಚರಂಡಿ ಸಾಕು. ಆದರೆ ಅದನ್ನು ಕಟ್ಟಡಕ್ಕಿಂತ ಮೊದಲು ಹಾಕಬೇಕು. 2016ರ ಜನವರಿಯಲ್ಲಿ ಸ್ಮಾರ್ಟ್ ಸಿಟಿಯ ಮೊದಲ ಇಪ್ಪತ್ತರ ಪಟ್ಟಿಯಲ್ಲಿಯೇ ಸ್ಥಾನ ಪಡೆದ ಊರಿಗೆ ಈ ಅನುಕ್ರಮವನ್ನು ಯಾರೂ ಹೇಳಿಕೊಡಬೇಕಾಗಿಲ್ಲ.

ಎತ್ತರಕ್ಕೆ ಗೆರೆ ಎಳೆಯುವುದು ನಮಗೆ ಹೊಸತೇನಲ್ಲ. ಹರಿಹರದಲ್ಲಿ ಆ ಗೆರೆ ಈಗಾಗಲೇ ಇದೆ. ಹೊಯ್ಸಳ ಎರಡನೇ ನರಸಿಂಹನ ದಂಡನಾಯಕ ಪೋಲಾಳ್ವ 1223-24ರ ಸುಮಾರಿಗೆ ಕಟ್ಟಿಸಿದ ಹರಿಹರೇಶ್ವರ ದೇವಾಲಯ ಕೇಂದ್ರದ ಸಂರಕ್ಷಿತ ಸ್ಮಾರಕ. 2010ರ ತಿದ್ದುಪಡಿಯಂತೆ ಅದರ ಸುತ್ತ 100 ಮೀಟರ್ ನಿಷೇಧಿತ ವಲಯ, ಅದರಾಚೆಗೆ ಇನ್ನೂ 200 ಮೀಟರ್ ನಿಯಂತ್ರಿತ ವಲಯ. ಮನೆ ದುರಸ್ತಿಗೂ ಅನುಮತಿಗಾಗಿ ಅಲೆಯಬೇಕೆಂಬ ಸ್ಥಳೀಯರ ಗೊಣಗಾಟದಲ್ಲಿ ನ್ಯಾಯವಿದೆ. ಆದರೆ ಎಂಟು ಶತಮಾನದ ಗುಡಿಯ ಮೇಲೆ ವಾಣಿಜ್ಯ ಸಂಕೀರ್ಣದ ನೆರಳು ಬೀಳದಿರುವುದು ಆ ನಿಯಮದಿಂದಲೇ. ಗುಡಿಯ ಸುತ್ತ ಎಳೆಯಬಹುದಾದ ಗೆರೆಯನ್ನು ಗದ್ದೆಯ ಸುತ್ತ ಏಕೆ ಎಳೆಯಬಾರದು?

ಎರಡೂ ಊರುಗಳಿಗೆ ಪ್ರಾಧಿಕಾರ ಒಂದೇ: ದಾವಣಗೆರೆ-ಹರಿಹರ ನಗರಾಭಿವೃದ್ಧಿ ಪ್ರಾಧಿಕಾರ, ಜನರ ಬಾಯಲ್ಲಿ ದೂಡಾ. ಹೆಸರಿನ ನಡುವಿನ ಆ ಅಡ್ಡಗೆರೆಯೇ ಈಗ ನಿವೇಶನಗಳಿಂದ ತುಂಬಿಹೋಗುತ್ತಿದೆ. ಮಹಾಯೋಜನೆಯನ್ನು ಪರಿಷ್ಕರಿಸುವಾಗಲೆಲ್ಲ ಹಸಿರು ವಲಯವನ್ನು ಎಷ್ಟು ಕುಗ್ಗಿಸಬೇಕೆಂಬ ಚರ್ಚೆಯೇ ಮೇಲುಗೈ ಪಡೆಯುತ್ತದೆ. ಮುಂದಿನ ಪರಿಷ್ಕರಣೆಯ ಆಕ್ಷೇಪಣೆ ಸಲ್ಲಿಸುವ ಅವಧಿಯಲ್ಲಿ ನಿವೇಶನದಾರರ ಜೊತೆಗೆ ನಾಲೆಯ ಕೊನೆಯಂಚಿನ ರೈತರೂ ಅರ್ಜಿ ಹಿಡಿದು ಸಾಲಿನಲ್ಲಿ ನಿಲ್ಲಬೇಕಾಗಿದೆ. ಊರೊಳಗೆ ಏಳುವ ಆರನೆಯ ಮಹಡಿಯ ಬಗ್ಗೆ ಹೇಳುವ ಹಕ್ಕು ಅವರಿಗೂ ಇದೆ.