ಬೆಟ್ಟ ಕಾಯುವ ಹೊತ್ತು

"ಐನೂರಕ್ಕೆ ಬರ್ತೀರಾ? ಅದಕ್ಕಿಂತ ಜಾಸ್ತಿ ಆಗಲ್ಲ."

ಅಶೋಕ ಸಿದ್ದಾಪುರದ ರಸ್ತೆ ಬದಿಯಲ್ಲಿ ನನ್ನ ಗೆಳೆಯ ಹೀಗೆ ಚೌಕಾಸಿ ಮಾಡುವಾಗ ನಾನು ಪಕ್ಕದಲ್ಲೇ ನಿಂತಿದ್ದೆ. ಎದುರಿಗಿದ್ದವರು ಐವತ್ತು ದಾಟಿದ ಕುರಿಗಾಹಿ. ಹೆಗಲ ಮೇಲೆ ಟವೆಲ್, ಕೈಯಲ್ಲಿ ಕೋಲು. ನಮ್ಮ ಮಾವನಿಗೆ ಪರಿಚಯದವರು. ದಿನವಿಡೀ ಬೆಟ್ಟ ಸುತ್ತಿಸಿ ತೋರಿಸೋಕೆ ಎಂಟುನೂರು ಕೇಳಿದ್ದರು. ಒಂದು ಕ್ಷಣ ನನ್ನ ಮುಖ ನೋಡಿದರು. ನಾನು ಮೊಬೈಲ್ ನೋಡಿದೆ.

"ಆಯ್ತು ಬಿಡ್ರಿ, ಐನೂರೇ ಕೊಡ್ರಿ" ಅಂದರು.

ಇಷ್ಟೇ ನಡೆದದ್ದು. ಆದರೆ ಆವತ್ತಿನ ಉಳಿದ ಕಥೆಯೆಲ್ಲ ಇದರಿಂದಲೇ ಶುರುವಾಗೋದು.

ಈ ಗೆಳೆಯ ನನ್ನ ಟೀಮಿನವನೇ. ಹಿಂದಿನ ವರ್ಷ ಹೆಂಡತಿ ಜೊತೆ ನ್ಯೂಜಿಲೆಂಡಿಗೆ ಹೋಗಿ ಟೊಂಗಾರಿರೊ ಆಲ್ಪೈನ್ ಕ್ರಾಸಿಂಗ್ ಮಾಡಿ ಬಂದಿದ್ದ. ಜ್ವಾಲಾಮುಖಿಗಳ ನಡುವೆ ಸುಮಾರು 20 ಕಿ.ಮೀ. ನಡಿಗೆ, ಒಂದೇ ದಿನದ್ದು. ರೆಡ್ ಕ್ರೇಟರ್ ಹತ್ತಿರ ನೆಲದಿಂದ ಹಬೆ ಬರುತ್ತೆ, ಗಂಧಕದ ವಾಸನೆ ಮೂಗಿಗೆ ಬಡಿಯುತ್ತೆ, ಕೆಳಗೆ ಪಚ್ಚೆ ಬಣ್ಣದ ಕೆರೆಗಳು. 2012ರ ಆಗಸ್ಟಿನಲ್ಲಿ ಅಲ್ಲೊಂದು ಕಡೆ ಸ್ಫೋಟವೂ ಆಗಿತ್ತು. ಅದಕ್ಕೇ ಇವರು ಗೈಡ್ ತೆಗೆದುಕೊಂಡಿದ್ದರು. ಮೊದಲು ಗೊತ್ತು ಮಾಡಿದ್ದ ದಿನ ಗಾಳಿ ಜೋರಾಗಿದೆ ಅಂತ ಗೈಡ್ "ಇವತ್ತು ಬೇಡ" ಅಂದನಂತೆ. ಇವರು ತುಟಿಪಿಟಿಕ್ ಅನ್ನದೆ ಹೋಟೆಲಿಗೆ ವಾಪಸ್ ಹೋಗಿ, ಮಾರನೇ ದಿನ ಹೋಗಿದ್ದಾರೆ. ಗೈಡಿಗೆ ಕೊಟ್ಟ ದುಡ್ಡನ್ನು ರೂಪಾಯಿಗೆ ತಿರುಗಿಸಿ ಹೇಳಿದಾಗ ನನಗೆ ತಲೆ ತಿರುಗಿತ್ತು. "ವರ್ತ್ ಇತ್ತು ಕಣೋ" ಅಂದಿದ್ದ.

ಊಟದ ಬಿಡುವಿನಲ್ಲಿ ಆ ಫೋಟೊ ನೋಡ್ತಾ ನಾನು ಸುಮ್ಮನಿರಲಾರದೆ "ನಮ್ಮೂರೂ ಬೆಂಕಿಯಿಂದ ಹುಟ್ಟಿದ್ದೇ" ಅಂದೆ. ನಮ್ಮೂರು ಚಳ್ಳಕೆರೆ. ಎಲ್ಲರೂ ನಕ್ಕರು. "ಅಲ್ಲಿ ಬಿಸಿಲು ಬಿಟ್ರೆ ಬೇರೆ ಬಿಸಿ ಏನಿದೆ?"

ನಿಜ, ನಮ್ಮ ಕಡೆ ಬಿಸಿನೀರಿನ ಬುಗ್ಗೆ ಇಲ್ಲ. ಕರ್ನಾಟಕದಲ್ಲಿ ಅದನ್ನು ನೋಡಬೇಕಂದ್ರೆ ಪುತ್ತೂರು ತಾಲೂಕಿನ ಇರ್ದೆಗೆ ಹೋಗಬೇಕು, ಬೆಂದ್ರ್ ತೀರ್ಥಕ್ಕೆ. ತುಳುವಿನಲ್ಲಿ ಬೆಂದ್ರ್ ಅಂದ್ರೇನೇ ಬಿಸಿನೀರು. ಆದರೆ ಚಿತ್ರದುರ್ಗ ಜಿಲ್ಲೆಯ ನೆಲ ಒಂದು ಕಾಲದಲ್ಲಿ ಕುದ್ದ ನೆಲ. ಚಿತ್ರದುರ್ಗದಿಂದ ಆಗ್ನೇಯಕ್ಕೆ ಇರುವ ಮರಡಿಹಳ್ಳಿಯಲ್ಲಿ ದಿಂಬು ಜೋಡಿಸಿಟ್ಟ ಹಾಗೆ ಕಾಣುವ ಕಲ್ಲುಗಳಿವೆ. ಲಾವಾ ನೀರಿನೊಳಗೆ ಉಕ್ಕಿ ಬಂದು, ಹೊರಗಿನ ಪದರ ಥಟ್ಟನೆ ತಣ್ಣಗಾಗಿ ಉಂಟಾದ ಆಕಾರ ಅದು. ಇವತ್ತು ಕುಡಿಯೋ ನೀರಿಗೆ ಟ್ಯಾಂಕರ್ ಕಾಯೋ ಜಿಲ್ಲೆಯಲ್ಲಿ ಒಂದು ಕಾಲಕ್ಕೆ ಸಮುದ್ರ ಇತ್ತು ಅನ್ನೋದಕ್ಕೆ ಆ ಕಲ್ಲೇ ಸಾಕ್ಷಿ. ಅದು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ.

ಮೊಳಕಾಲ್ಮುರು ಕಡೆಯ ಬೆಟ್ಟಗಳದ್ದು ಇನ್ನೊಂದು ಕಥೆ. ಅಲ್ಲಿ ಬೆಂಕಿ ಹೊರಗೆ ಬರಲೇ ಇಲ್ಲ. ಸುಮಾರು 250 ಕೋಟಿ ವರ್ಷಗಳ ಹಿಂದೆ ಕರಗಿದ ಕಲ್ಲು ಆಳದಿಂದ ಮೇಲಕ್ಕೆದ್ದು, ನೆಲದೊಳಗೇ ನಿಧಾನವಾಗಿ ಆರಿತು. ನಿಧಾನವಾಗಿ ಆರಿದ್ದರಿಂದಲೇ ಅದರಲ್ಲಿ ನಸುಗೆಂಪು ಹರಳುಗಳು ಬೆರಳುಗಾತ್ರಕ್ಕೆ ಬೆಳೆದಿವೆ. ಇದಕ್ಕೆ ಕ್ಲೋಸ್‌ಪೇಟೆ ಗ್ರಾನೈಟ್ ಅಂತ ಹೆಸರು. ಕ್ಲೋಸ್‌ಪೇಟೆ ಅಂದ್ರೆ ರಾಮನಗರದ ಹಳೇ ಹೆಸರು. ನೀವು ವೀಕೆಂಡಿಗೆ ಹತ್ತೋ ರಾಮನಗರದ ಬೆಟ್ಟ, ನಮ್ಮ ಮೊಳಕಾಲ್ಮುರಿನ ಬೆಟ್ಟ ಎರಡೂ ಒಂದೇ ಪಟ್ಟಿಯವು.

ಇಷ್ಟು ಹೇಳಿದ ಮೇಲೆ ಕರೆದುಕೊಂಡು ಹೋಗದೆ ಇರೋಕಾಗುತ್ತಾ? ಶಿವರಾತ್ರಿ ಕಳೆದ ಮುಂದಿನ ಭಾನುವಾರ ಗೊತ್ತಾಯಿತು. ಶಿವರಾತ್ರಿಗೆ ಚಳಿ ಶಿವಶಿವಾ ಅಂತ ಓಡಿಹೋಗುತ್ತೆ ಅಂತಾರಲ್ಲ, ನಮ್ಮ ಕಡೆ ಅದು ಮಾತಿಗೆ ಹೇಳೋದಲ್ಲ.

"ಬೆಳಗ್ಗೆ ಆರಕ್ಕೆ ಬಂದ್ಬಿಡ್ರಿ, ಹನ್ನೊಂದಕ್ಕೆ ಕೆಳಗಿರಬೇಕು" ಅಂತ ಕುರಿಗಾಹಿ ಫೋನಿನಲ್ಲೇ ಹೇಳಿದ್ದರು. ನಾವು ಚಳ್ಳಕೆರೆಯಲ್ಲಿ ಎದ್ದದ್ದೇ ಏಳಕ್ಕೆ. ಆಮೇಲೆ ಮಂಡಕ್ಕಿ ಒಗ್ಗರಣೆ, ಮೆಣಸಿನಕಾಯಿ ತಿನ್ನದೆ ಹೊರಡೋದು ಹೇಗೆ? ತಳಕು ದಾಟುವಾಗ "ಇದು ತ.ರಾ.ಸು. ಅವರ ಊರು" ಅಂತ ತೋರಿಸಿ ಇಳಿದು ಫೋಟೊ. ಚೌಕಾಸಿ ಮುಗಿಸಿ ನಡೆಯೋಕೆ ಶುರು ಮಾಡಿದಾಗ ಒಂಬತ್ತೂಮುಕ್ಕಾಲು.

ಮೊದಲು ತೋರಿಸಿದ್ದು ಸಿದ್ದಾಪುರದ ಅಶೋಕನ ಶಾಸನ. ಇಲ್ಲಿ ಒಂದಕ್ಕೊಂದು ಹತ್ತಿರದಲ್ಲೇ ಮೂರು ಶಾಸನಗಳಿವೆ: ಸಿದ್ದಾಪುರ, ಬ್ರಹ್ಮಗಿರಿ, ಜಟಿಂಗ ರಾಮೇಶ್ವರ. 1892ರಲ್ಲಿ ಬಿ.ಎಲ್. ರೈಸ್ ಇವನ್ನು ಬೆಳಕಿಗೆ ತಂದರು. ಬ್ರಾಹ್ಮಿ ಲಿಪಿ, ಪ್ರಾಕೃತ ಭಾಷೆ. ತಂದೆತಾಯಿಯ ಮಾತು ಕೇಳಿ, ಜೀವಿಗಳ ಮೇಲೆ ದಯೆ ಇರಲಿ, ಸತ್ಯ ಹೇಳಿ, ಗುರುವನ್ನು ಗೌರವಿಸಿ ಅನ್ನೋದು ಅದರ ತಾತ್ಪರ್ಯ.

ಎರಡು ಸಂಗತಿ ನನಗೆ ಯಾವಾಗಲೂ ಸೋಜಿಗ. ಈ ಶಾಸನಗಳಲ್ಲಿ ಅಶೋಕನ ಹೆಸರೇ ಇಲ್ಲ. 'ದೇವಾನಾಂಪಿಯ' ಅಂತಷ್ಟೇ ಇದೆ, ದೇವರಿಗೆ ಪ್ರಿಯನಾದವನು ಅಂತ. ಅದು ಅಶೋಕನೇ ಅಂತ ಹೆಸರು ಸಮೇತ ಸಿಕ್ಕಿದ್ದು 1915ರಲ್ಲಿ, ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ. ಆದರೆ ಇಲ್ಲಿ ಬರೆದವನ ಹೆಸರು ಇದೆ: ಚಪಡ. ಇನ್ನೊಂದು, ರೈಸ್ ಬಂದಾಗ ಸಿದ್ದಾಪುರದ ಬಂಡೆಯನ್ನು ಊರಿನವರು ಕರೀತಿದ್ದದ್ದು ಎಮ್ಮೆ ಕಾಯೋ ತಿಮ್ಮಯ್ಯನ ಗುಂಡು ಅಂತ. ಚಕ್ರವರ್ತಿಯ ಹೆಸರು ಯಾರಿಗೂ ಗೊತ್ತಿರಲಿಲ್ಲ, ಎಮ್ಮೆ ಕಾದವನ ಹೆಸರು ಉಳಿದಿತ್ತು.

ಇದನ್ನೆಲ್ಲ ನಾನು ಜೋರಾಗಿ ವಿವರಿಸುತ್ತಿದ್ದೆ. ಕುರಿಗಾಹಿ ಸೂರ್ಯನ ಕಡೆ ನೋಡ್ತಿದ್ದರು.

ಬ್ರಹ್ಮಗಿರಿಯ ಅಕ್ಷರಗುಂಡು, 1947ರಲ್ಲಿ ಮಾರ್ಟಿಮರ್ ವ್ಹೀಲರ್ ಅಗೆಸಿದ ಜಾಗ, ಕಲ್ಲುಚಪ್ಪಡಿಯ ಸಮಾಧಿಗಳು ಎಲ್ಲ ನೋಡುವಷ್ಟರಲ್ಲಿ ಹನ್ನೊಂದೂಕಾಲು. ಅಲ್ಲಿಂದ ಸುಮಾರು 5 ಕಿ.ಮೀ. ದೂರದ ಜಟಿಂಗ ರಾಮೇಶ್ವರ ಬೆಟ್ಟ ಹತ್ತಬೇಕಿತ್ತು. ರಾವಣನ ಜೊತೆ ಹೋರಾಡಿ ಜಟಾಯು ಬಿದ್ದ ಜಾಗ ಅಂತ ನಂಬಿಕೆ.

"ಇವತ್ತಿಗೆ ಸಾಕು ಸಾರ್. ಹೊತ್ತಾತು. ಬೆಟ್ಟ ಕಾಯಾಕೆ ಶುರುವಾಗೈತೆ. ಇನ್ನೊಂದಿನ ಬರ್ರಿ" ಅಂದರು ಕುರಿಗಾಹಿ.

ನನ್ನ ಗೆಳೆಯ ನಕ್ಕ. "ಮೂರೂ ಅಂತ ಮಾತಾಗಿತ್ತಲ್ಲ? ದುಡ್ಡು ಕೊಡಲ್ವಾ ನಾವು?"

ಈ ಮಾತಿಗೂ ನಾನು ಸುಮ್ಮನಿದ್ದೆ. ಅವರೂ ಏನೂ ಅನ್ನದೆ ಮುಂದೆ ನಡೆದರು.

ಗ್ರಾನೈಟ್ ಬೆಟ್ಟದ ಬಿಸಿ ಬೇರೆ ಥರ. ಮಧ್ಯಾಹ್ನದ ಹೊತ್ತಿಗೆ ಬಿಸಿಲು ಮೇಲಿಂದ ಮಾತ್ರ ಬರಲ್ಲ. ಬೆಳಗಿನಿಂದ ಕಾದ ಬಂಡೆ ಕೆಳಗಿನಿಂದ, ಪಕ್ಕದಿಂದ ವಾಪಸ್ ಕೊಡುತ್ತೆ. ಶೂ ಅಟ್ಟೆ ದಾಟಿ ಕಾಲಿಗೆ ತಾಗುತ್ತೆ. ಅರ್ಧ ಬೆಟ್ಟ ಹತ್ತುವಾಗ ಗೆಳೆಯ ಮಾತು ನಿಲ್ಲಿಸಿದ. ಆಮೇಲೆ ತಲೆನೋವು ಅಂದ. ಆಮೇಲೆ ಒಂದು ಬಂಡೆಗೆ ಒರಗಿದವನು ಹಾಗೇ ಕುಸಿದು ಕೂತ. ಮುಖ ಬಿಳುಚಿತ್ತು, ಮೈಯೆಲ್ಲ ಬೆವರು. ಮೂರು ಜನಕ್ಕೆ ಎರಡು ಲೀಟರ್ ತಂದಿದ್ದ ನೀರು ಯಾವಾಗಲೋ ಖಾಲಿ. ಅವನ ಹೆಂಡತಿ ಗಾಬರಿಯಿಂದ ಫೋನ್ ಮೇಲೆತ್ತಿ ಸಿಗ್ನಲ್ ಹುಡುಕ್ತಿದ್ದಳು. ನನಗೆ ಏನೂ ತೋಚಲಿಲ್ಲ. 250 ಕೋಟಿ ವರ್ಷದ ಕಥೆ ಗೊತ್ತಿದ್ದವನಿಗೆ ಹತ್ತು ಹೆಜ್ಜೆ ಆಚೆ ನೆರಳು ಎಲ್ಲಿದೆ ಅಂತ ಗೊತ್ತಿರಲಿಲ್ಲ.

ಕುರಿಗಾಹಿ ಅವನನ್ನು ತೋಳು ಹಿಡಿದು ಎಬ್ಬಿಸಿದರು. "ಆ ಬಂಡೆ ಬ್ಯಾಡ, ಅದು ಬೆಳಗಿನಿಂದ ಕಾದೈತೆ. ಬರ್ರಿ ಈ ಕಡೆ." ಎರಡು ದೊಡ್ಡ ಗುಂಡುಗಳ ಸಂದಿ. ಒಳಗೆ ಬಿಸಿಲು ಯಾವತ್ತೂ ಬಿದ್ದಂತಿರಲಿಲ್ಲ. ಗಾಳಿ ಆಡ್ತಿತ್ತು. ಅಂಗೈ ಇಟ್ಟರೆ ಕಲ್ಲು ತಣ್ಣಗೆ. ಮಲಗಿಸಿ, ಕಾಲಿನ ಕೆಳಗೆ ನನ್ನ ಬ್ಯಾಗ್ ಇಟ್ಟು, ಶೂ ಬಿಚ್ಚಿಸಿ, ತಮ್ಮ ಟವೆಲ್ ನೆನೆಸಿ ಕತ್ತಿಗೆ ಹಾಕಿದರು. ಅವರ ಚೀಲದಿಂದ ಎರಡು ಬಾಟಲಿ ಹೊರಬಂತು. ಒಂದರಲ್ಲಿ ನೀರು, ಇನ್ನೊಂದರಲ್ಲಿ ಉಪ್ಪು ಹಾಕಿದ ಮಜ್ಜಿಗೆ.

"ಗುಟುಕು ಗುಟುಕೇ ಕುಡೀಬೇಕು. ಗಟಗಟ ಅಂತ ಕುಡಿಬ್ಯಾಡ್ರಿ."

ಮುಕ್ಕಾಲು ಗಂಟೆ ಅಲ್ಲೇ ಕೂತೆವು. ಗೆಳೆಯನ ಮುಖಕ್ಕೆ ಬಣ್ಣ ಬಂತು. ಬಿಸಿಲು ಇಳಿಯುವವರೆಗೂ ಅವರು ನಮ್ಮನ್ನು ಆಚೆ ಬಿಡಲಿಲ್ಲ. ಮೂರೂವರೆ ಮೇಲೆ, ಹತ್ತಿ ಬಂದ ದಾರಿ ಬಿಟ್ಟು, ನೆರಳು ಬಿದ್ದಿದ್ದ ಇನ್ನೊಂದು ಮಗ್ಗುಲಿನಿಂದ ಇಳಿಸಿದರು.

ಕಾರಿನ ಹತ್ತಿರ ಗೆಳೆಯ ಎರಡು ಸಾವಿರ ತೆಗೆದು ಕೈಗಿಟ್ಟ. ಅವರು ಐನೂರರ ಒಂದು ನೋಟು ಇಟ್ಟುಕೊಂಡು ಉಳಿದಿದ್ದು ವಾಪಸ್ ಕೊಟ್ಟರು.

"ಅಣ್ಣಾ, ದಯವಿಟ್ಟು ಇಟ್ಕೊಳ್ಳಿ."

"ಮಾತಾಗಿದ್ದು ಐನೂರು ಸಾರ್. ನೀರು ಕೊಟ್ಟಿದ್ದಕ್ಕೆ ದುಡ್ಡು ತಗಂತಾರಾ? ಮುಂದಿನ ಸಲ ಬಂದಾಗ ಎಂಟ್ನೂರು ಕೊಡ್ರಿ. ಆರಕ್ಕೇ ಬರ್ರಿ."

ವಾಪಸ್ ಬರುವಾಗ ಗೆಳೆಯ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ಅಂದ: "ಅಲ್ಲಿ ಗೈಡ್ ಬೇಡ ಅಂದಾಗ ನಾನು ಯಾಕೆ ಅಂತಾನೂ ಕೇಳಿರಲಿಲ್ಲ ಕಣೋ." ತಪ್ಪು ಅವನೊಬ್ಬನದ್ದಲ್ಲ. ಅವನು ಹೊರಗಿನವನು, ನಾನು ಊರಿನವನು. ಮೊಬೈಲ್ ನೋಡಿದ್ದು ನಾನು. ಯೂನಿಫಾರ್ಮ್ ಹಾಕಿದವನು ಹೇಳಿದರೆ ಅದು ಪರಿಣತಿ, ಟವೆಲ್ ಹಾಕಿದವರು ಹೇಳಿದರೆ ಅದು ಸೋಮಾರಿತನ ಅಂತ ನಾವೆಲ್ಲ ಎಲ್ಲೋ ಕಲಿತುಬಿಟ್ಟಿದ್ದೇವೆ.

ನಮ್ಮ ಕಡೆ ಬೆಟ್ಟ ಹತ್ತೋಕೆ ಬರುವವರಿಗೆ ನಾಲ್ಕು ಮಾತು. ನವೆಂಬರಿಂದ ಜನವರಿ ಒಳ್ಳೇ ಕಾಲ. ಬೆಳಗ್ಗೆ ಆರಕ್ಕೆ ಶುರು ಮಾಡಿ. ಒಬ್ಬರಿಗೆ ಮೂರು ಲೀಟರ್ ನೀರು, ಜೊತೆಗೆ ಓಆರ್‌ಎಸ್ ಇರಲಿ. ತಲೆಸುತ್ತು, ತಲೆನೋವು, ಸ್ನಾಯು ಸೆಳೆತ ಬಂದರೆ ಅಲ್ಲಿಗೇ ನಿಲ್ಲಿಸಿ, ನೆರಳಿಗೆ ಹೋಗಿ, ಮೈ ಒದ್ದೆ ಮಾಡಿ. ಮಾತು ತೊದಲಿದರೆ, ಪ್ರಜ್ಞೆ ತಪ್ಪಿದರೆ ಕಾಯಬೇಡಿ, 108ಕ್ಕೆ ಫೋನ್ ಮಾಡಿ. ಶಾಸನದ ಬಂಡೆ ಮೇಲೆ ಹತ್ತಬೇಡಿ, ಗೀಚಬೇಡಿ. ಊರಿನವರನ್ನೇ ಜೊತೆಗೆ ಕರೆದುಕೊಳ್ಳಿ, ಅವರು ಕೇಳಿದಷ್ಟು ಕೊಡಿ. ಅವರು "ಸಾಕು" ಅಂದಾಗ ಸಾಕು.

ಕಾರ್ತಿಕ ಕಳೆದ ಮೇಲೆ ನಾವು ಮೂವರೂ ಮತ್ತೆ ಹೋದೆವು. ಆರಕ್ಕೆ ಐದು ನಿಮಿಷ ಇರುವಾಗಲೇ ಸಿದ್ದಾಪುರದಲ್ಲಿದ್ದೆವು. ಎಂಟೂವರೆಗೆಲ್ಲ ಜಟಿಂಗ ರಾಮೇಶ್ವರದ ಮೇಲೆ. ಅಲ್ಲಿನ ಶಾಸನದ ಬಂಡೆಗೆ ಬಳೆಗಾರ ಗುಂಡು ಅಂತ ಹೆಸರು, ಜಾತ್ರೆಯಲ್ಲಿ ಬಳೆಗಾರರು ಅಲ್ಲಿ ಅಂಗಡಿ ಇಡ್ತಿದ್ದರಂತೆ. ಬಂಡೆ ಇನ್ನೂ ತಣ್ಣಗಿತ್ತು. ಗೆಳೆಯನ ಹೆಂಡತಿ ಬುತ್ತಿ ಬಿಚ್ಚಿದಳು, ನಾಲ್ಕು ಜನ ಕೂತು ತಿಂದೆವು. ಗೆಳೆಯ ಈ ಸಲ ಪ್ರಶ್ನೆ ಕೇಳ್ತಿದ್ದದ್ದು ನನ್ನನ್ನಲ್ಲ, ಅವರನ್ನ. ಯಾವ ಬಂಡೆ ಮೊದಲು ಕಾಯುತ್ತೆ, ಯಾವ ಸಂದಿಯಲ್ಲಿ ಕರಡಿ ಇರುತ್ತೆ, ಮಳೆ ನೀರು ಎಲ್ಲಿ ನಿಲ್ಲುತ್ತೆ.

ಹತ್ತಕ್ಕೆ ಅವರು ಕೋಲು ಹಿಡಿದು ಎದ್ದರು. ನಾವೂ ಎದ್ದೆವು.