ಚಪಡನ ಹೆಸರು ಮತ್ತು ನಮ್ಮ ನಾಮಫಲಕಗಳು

ಮೊಳಕಾಲ್ಮೂರು ತಾಲ್ಲೂಕಿನ ಸಿದ್ದಾಪುರದ ಸಮೀಪದಲ್ಲಿ, ಬ್ರಹ್ಮಗಿರಿಯ ಬಂಡೆಯ ಮೇಲೆ, 1892ರಲ್ಲಿ ಬಿ. ಎಲ್. ರೈಸ್ ಅವರು ಬೆಳಕಿಗೆ ತಂದ ಅಶೋಕನ ಶಾಸನವನ್ನು ಕುರಿತು ಬರೆಯುವವರು ಸಾಮಾನ್ಯವಾಗಿ ಅದರ ಧರ್ಮೋಪದೇಶವನ್ನೂ ಅದು ಹೆಸರಿಸುವ ಇಸಿಲ ಪಟ್ಟಣವನ್ನೂ ವಿವರಿಸಿ ನಿಲ್ಲಿಸುವರು. ಬರೆಹದ ಕಸುಬನ್ನು ಗೌರವಿಸುವವನಿಗಾದರೋ ಅದರ ಕಡೆಯ ಸಾಲೇ ಹೆಚ್ಚು ಮಹತ್ತ್ವದ್ದು. ಪ್ರಾಕೃತ ಭಾಷೆಯ ಆ ರಾಜಾಜ್ಞೆಯನ್ನು ಬ್ರಾಹ್ಮೀ ಅಕ್ಷರಗಳಲ್ಲಿ ಎಡದಿಂದ ಬಲಕ್ಕೆ ಬರೆದು ಮುಗಿಸಿದ ಚಪಡನೆಂಬಾತನು, ಕೊನೆಯಲ್ಲಿ ತನ್ನ ಹೆಸರನ್ನು ಹೇಳಿ, ತಾನು ಲಿಪಿಕಾರನೆಂಬ ಒಂದು ಮಾತನ್ನು ಮಾತ್ರ ವಾಯವ್ಯ ಭಾರತದಲ್ಲಿ ಬಳಕೆಯಲ್ಲಿದ್ದ, ಬಲದಿಂದ ಎಡಕ್ಕೆ ಸಾಗುವ ಖರೋಷ್ಠೀ ಲಿಪಿಯಲ್ಲಿ ಬರೆದಿದ್ದಾನೆ. ಅದನ್ನು ಓದಬಲ್ಲವರು ಆಗ ಈ ಸೀಮೆಯಲ್ಲಿ ಎಷ್ಟು ಮಂದಿ ಇದ್ದರೋ! ಆದರೂ ಬರೆದವನು ಯಾರೆಂಬುದು ಮರೆಯಾಗಬಾರದೆಂಬ ಅಭಿಮಾನ ಅಲ್ಲಿ ಇಂದಿಗೂ ನಿಚ್ಚಳವಾಗಿದೆ.

ಅಂಥ ಅಭಿಮಾನದೊಡನೆ ಹೊಣೆಯೂ ಬರುತ್ತದೆ. ನಮ್ಮ ಕಲಬುರಗಿ ಜಿಲ್ಲೆಯ ಸನ್ನತಿಯಲ್ಲಿಯೂ ಒಂದು ಪ್ರತಿ ದೊರೆತಿರುವ ಅಶೋಕನ 14ನೆಯ ಬಂಡೆಶಾಸನದಲ್ಲಿ, ಎಲ್ಲಿಯಾದರೂ ಬರೆಹವು ಅಪೂರ್ಣವಾಗಿದ್ದರೆ ಅದಕ್ಕೆ ಲಿಪಿಕಾರನ ಅಪರಾಧವೂ ಕಾರಣವಾಗಿರಬಹುದೆಂದು ಚಕ್ರವರ್ತಿಯೇ ಒಪ್ಪಿದ್ದಾನೆ. ತಪ್ಪು ಸಂಭವನೀಯವೆಂದೂ, ಅದಕ್ಕೊಬ್ಬ ಹೊಣೆಗಾರನಿರುವನೆಂದೂ ಆ ಆಡಳಿತವು ತಿಳಿದಿತ್ತು. ಅಚ್ಚುಮೊಳೆಗಳ ಕಾಲದಲ್ಲಿಯೂ ಕರಡು ತಿದ್ದುವವನೊಬ್ಬನಿದ್ದನು. ಅವನ ಕಣ್ತಪ್ಪಿ ಉಳಿದವನ್ನು ಗ್ರಂಥದ ಕಡೆಯ ಪುಟದ ತಪ್ಪೊಪ್ಪುಗಳ ಪಟ್ಟಿ ಹೇಳುತ್ತಿತ್ತು.

ಇಂದು ಅಂಥ ಎಚ್ಚರ ತಪ್ಪಿ, ಈ ತಾಲ್ಲೂಕಿನ ಹೆಸರೇ 'ಮೊಳಕಾಲ್ಮೂರು' ಎಂದೂ 'ಮೊಳಕಾಲ್ಮುರು' ಎಂದೂ ಎರಡು ಬಗೆಯಾಗಿ ಅಚ್ಚಾಗುತ್ತಿದೆ. ಹ್ರಸ್ವದೀರ್ಘಗಳ ಭೇದವನ್ನು ತೋರದ ರೋಮನ್ ಅಕ್ಷರಗಳಿಂದ ಅದು ಬಗೆಹರಿಯುವಂತೆಯೂ ಇಲ್ಲ. ಇದು ಕಣ್ಣಿಗೆ ಕಾಣುವ ದೋಷ. ಕಾಣದ ದೋಷವು ಇದಕ್ಕಿಂತ ಘೋರವಾದುದು. ಅನುಸ್ವಾರದ ಸೊನ್ನೆಯೂ ಕನ್ನಡ ಅಂಕಿಯ ಸೊನ್ನೆಯೂ ನೋಟಕ್ಕೆ ಬಹುಮಟ್ಟಿಗೆ ಒಂದೇ ಆದುದರಿಂದ, ಬೆರಳಚ್ಚುಗಾರನು ಒಂದರ ಬದಲು ಇನ್ನೊಂದನ್ನು ಒತ್ತಿದರೆ ಓದುಗನಿಗೆ ಅನುಮಾನವೇ ಹುಟ್ಟದು. ಗಣಕಕ್ಕಾದರೋ ಅವೆರಡೂ ಬೇರೆ ಬೇರೆ ಸಂಕೇತಗಳು. ರೈತನೊಬ್ಬನ ಹೆಸರು ಹೀಗೆ ದಾಖಲೆಗೆ ಸೇರಿದರೆ, ಅದೇ ಹೆಸರನ್ನು ಶುದ್ಧವಾಗಿ ಒತ್ತಿ ಹುಡುಕುವವನಿಗೆ ಅದು ಸಿಗದೆ ಹೋಗಬಹುದು. ಮನುಷ್ಯನಿದ್ದಾನೆ, ಕಾಗದದಲ್ಲಿ ಹೆಸರೂ ಇದೆ, ಆದರೂ ಇಲ್ಲವೆಂಬ ಉತ್ತರ ಬರುತ್ತದೆ.

ತಪ್ಪು ಒಮ್ಮೆ ನೆಲೆಯೂರಿದರೆ ಕೀಳುವುದು ದುಸ್ಸಾಧ್ಯ. ಹಳಗನ್ನಡದ ೞಕಾರಕ್ಕೆ ಗಣಕದ ಅಕ್ಷರಸಂಕೇತಗಳ ಯೂನಿಕೋಡ್ ಪಟ್ಟಿಯಲ್ಲಿ 'ಫ' ಎಂಬ ಹೆಸರು ಪ್ರಮಾದದಿಂದ ಬಿದ್ದಿತು. ಕೊಟ್ಟ ಹೆಸರನ್ನು ಬದಲಿಸಕೂಡದೆಂಬುದು ಅಲ್ಲಿಯ ನಿಯಮವಾದುದರಿಂದ, ಅದು ತಪ್ಪೆಂಬ ಟಿಪ್ಪಣಿಯನ್ನು ಪಕ್ಕದಲ್ಲಿ ಹೊತ್ತುಕೊಂಡು ಆ ಹೆಸರು ಇಂದಿಗೂ ಉಳಿದಿದೆ.

ಆದುದರಿಂದ ಪಟ್ಟಣ ಪಂಚಾಯಿತಿಯಾಗಲಿ ತಾಲ್ಲೂಕು ಕಚೇರಿಯಾಗಲಿ ನಾಮಫಲಕವನ್ನು ಬರೆಯಿಸುವ ಮುನ್ನ, ದಾಖಲೆಯನ್ನು ಗಣಕಕ್ಕೇರಿಸುವ ಮುನ್ನ, ಕನ್ನಡ ಬಲ್ಲ ಎರಡನೆಯವನೊಬ್ಬನಿಂದ ಅಕ್ಷರಶಃ ಓದಿಸತಕ್ಕದ್ದು. ಆ ಕೆಲಸಕ್ಕೆ ಪ್ರತ್ಯೇಕ ಸಂಬಳವನ್ನು ಕೊಡತಕ್ಕದ್ದು. ಬರೆದವನ ಮತ್ತು ತಿದ್ದಿದವನ ಹೆಸರುಗಳನ್ನು ಫಲಕದ ಕೆಳಗೆ, ಸಣ್ಣ ಅಕ್ಷರಗಳಲ್ಲಿಯಾದರೂ, ಕಾಣಿಸತಕ್ಕದ್ದು.