ಬೀಗರ ಮುನಿಸು

ಹುಮನಾಬಾದಿನಿಂದ ವಾಚಕರೊಬ್ಬರು ಬರೆದಿದ್ದಾರೆ. ಮಗ ಪಿ.ಯು.ಸಿ. ಮುಗಿಸಿದ್ದಾನೆ, ಇಂಜಿನಿಯರಿಂಗ್ ಓದೆಂದರೆ ಚಲಚ್ಚಿತ್ರ ಸಂಕಲನಕಾರನಾಗುವೆನೆಂದು ಹಟ ಹಿಡಿದಿದ್ದಾನೆ. ಬಸವಕಲ್ಯಾಣದಲ್ಲಿ ನಡೆದ ಸೋದರತ್ತೆಯ ಮಗಳ ಮದುವೆಯ 6 ಗಂಟೆಗಳ ವೀಡಿಯೊವನ್ನು 20 ನಿಮಿಷಕ್ಕೆ ಇಳಿಸಿದನಂತೆ. ಅತ್ತೆ ಅದನ್ನು ನೋಡಿ ಕಣ್ಣೊರೆಸಿಕೊಂಡರು. ಊಟದ ಪಂಕ್ತಿಯಲ್ಲಿ ತಮ್ಮ ಮುಖವೇ ಕಾಣಲಿಲ್ಲವೆಂದು ಬೀಗರು ಮುನಿಸಿಕೊಂಡರು. "ಇದೂ ಒಂದು ಉದ್ಯೋಗವೆ?" ಎಂಬುದು ತಂದೆಯವರ ಪ್ರಶ್ನೆ.

ಬೀಗರ ಮುನಿಸನ್ನು ಹುಡುಗನಿಗೆ ದೊರೆತ ಮೊದಲ ಪ್ರಶಸ್ತಿಯೆಂದೇ ನಾನು ಎಣಿಸುತ್ತೇನೆ. ಸಂಕಲನವೆಂದರೆ ಜೋಡಣೆಯೆಂದು ನಾವು ತಿಳಿದಿರುತ್ತೇವೆ. ಅದರಲ್ಲಿ ಹೆಚ್ಚಿನದು ಬಿಟ್ಟುಕೊಡುವ ಕೆಲಸ. ಉಳಿದದ್ದನ್ನು ಎಷ್ಟು ಹೊತ್ತು ತೋರಬೇಕೆಂಬುದೇ ವಿದ್ಯೆ. ಇಟಲಿಯ ಸರ್ಜಿಯೊ ಲಿಯೋನೆ ಸ್ಪೇನಿನ ಬಯಲುಗಳಲ್ಲಿ ಚಿತ್ರೀಕರಿಸಿದ ‘ದಿ ಗುಡ್, ದಿ ಬ್ಯಾಡ್ ಅಂಡ್ ದಿ ಅಗ್ಲಿ’ (1966) ಚಿತ್ರದ ಕೊನೆಯನ್ನು ನೆನೆಯಿರಿ. ಮಸಣದಲ್ಲಿ ಮೂವರು ಬಂದೂಕುಗಾರರು ಎದುರುಬದುರಾಗಿ ನಿಂತಿದ್ದಾರೆ. ಬಹಳ ಹೊತ್ತು ಗುಂಡೇ ಹಾರದು. ಮೊದಲು ದೂರದ ನೋಟ, ಬಳಿಕ ಮುಖ, ಕೈ, ಕಣ್ಣು. ತುಣುಕುಗಳು ಮೊಟಕಾಗುತ್ತ ಹೋದಂತೆ ನಮ್ಮ ಎದೆಬಡಿತ ಏರುತ್ತದೆ. ನಟ ಕ್ಲಿಂಟ್ ಈಸ್ಟ್‌ವುಡ್‌ರನ್ನು ಎಲ್ಲರೂ ಬಲ್ಲರು. ಸಂಕಲನಕಾರರಾದ ನಿನೋ ಬರಾಗ್ಲಿ, ಯೂಜೆನಿಯೊ ಅಲಬಿಸೊ ಅವರನ್ನು ಬಲ್ಲವರೆಷ್ಟು ಮಂದಿ?

ಅಷ್ಟು ದೂರವೇಕೆ, ಮಗ್ಗುಲಲ್ಲಿಯೇ ಇರುವ ಕಲಬುರಗಿಯ ಉಜ್ವಲ್ ಕುಲಕರ್ಣಿ ಇದ್ದಾರೆ. ಅಭಿಮಾನದಿಂದ ಸಿನಿಮಾ ತುಣುಕುಗಳನ್ನು ಕತ್ತರಿಸಿ ಜೋಡಿಸುತ್ತಿದ್ದ ತರುಣ. ನಿರ್ದೇಶಕ ಪ್ರಶಾಂತ್ ನೀಲ್ ಅವರ ಕಣ್ಣಿಗೆ ಆ ಕೆಲಸ ಬಿತ್ತು. 2022ರ ಏಪ್ರಿಲ್ 14ರಂದು ತೆರೆ ಕಂಡ ‘ಕೆ.ಜಿ.ಎಫ್. ಚಾಪ್ಟರ್ 2’ ಚಿತ್ರವನ್ನು ಸಂಕಲಿಸಿದಾಗ ಆತನ ವಯಸ್ಸು ಇಪ್ಪತ್ತರ ಆಸುಪಾಸು. ಅದರ ಕತ್ತರಿಯ ವೇಗ ನನ್ನ ಕಣ್ಣಿಗೆ ತುಸು ಹೆಚ್ಚೇ ಆಯಿತು. ನನ್ನ ಮೊಮ್ಮಗನಿಗೆ ಆಗಲಿಲ್ಲ. 2023ರಲ್ಲಿ ತೆಲುಗಿನ ‘ಸಲಾರ್’ ಸಹ ಆತನ ಕೈಗೇ ಬಂತು. ಕನ್ನಡ ಚಿತ್ರಗಳು ಮದರಾಸಿನಲ್ಲಿ ತಯಾರಾಗುತ್ತಿದ್ದ ದಿನಗಳಲ್ಲಾದರೆ ಇಂಥ ಹುಡುಗ ರೈಲು ಹತ್ತಿ ಹೋಗಿ, ವರ್ಷಗಟ್ಟಲೆ ಸಹಾಯಕನಾಗಿ ರೀಲು ಸುತ್ತಬೇಕಾಗಿತ್ತು. ಈಗ ಮನೆಯ ಕಂಪ್ಯೂಟರೇ ಮೊದಲ ಪಾಠಶಾಲೆ.

ಆದರೆ ತಂದೆಯವರ ಅಂಜಿಕೆಯನ್ನು ನಾನು ತಳ್ಳಿಹಾಕಲಾರೆ. ಪ್ರತಿ ಹುಡುಗನ ಕೆಲಸವೂ ನಿರ್ದೇಶಕರ ಕಣ್ಣಿಗೆ ಬೀಳುವುದಿಲ್ಲ. ಸಂಬಳ ತಿಂಗಳಿಗಲ್ಲ, ಚಿತ್ರಕ್ಕೆ. ಚಿತ್ರವಿಲ್ಲದಿದ್ದರೆ ಅದೂ ಇಲ್ಲ. ರಾತ್ರಿಯೆಲ್ಲ ನಿದ್ದೆಗೆಟ್ಟು ಕೂಡಿಸಿದ್ದನ್ನು ನಿರ್ದೇಶಕರು ಬೆಳಗ್ಗೆ ಬೇಡವೆನ್ನಬಹುದು.

ಆದುದರಿಂದ ತಂದೆ-ಮಗ ಇಬ್ಬರಿಗೂ ಒಂದು ಮಾತು. ಪುಣೆಯಲ್ಲಿ 1960ರಲ್ಲಿ ಹಳೆಯ ಪ್ರಭಾತ್ ಸ್ಟುಡಿಯೊದ ಆವರಣದಲ್ಲಿ ಆರಂಭವಾದ ಚಲಚ್ಚಿತ್ರ ಸಂಸ್ಥೆಯಲ್ಲಿ ಸಂಕಲನವನ್ನು ಕ್ರಮವಾಗಿ ಕಲಿಸುತ್ತಾರೆ. ಅದರ ಸ್ನಾತಕೋತ್ತರ ಶಿಕ್ಷಣಕ್ಕೆ ಪದವಿ ಬೇಕು. ಹುಡುಗ ಮೊದಲು ತನಗೆ ಒಪ್ಪುವ ಪದವಿಯೊಂದನ್ನು ಮುಗಿಸಲಿ; ಆ ವರ್ಷಗಳಲ್ಲಿ ಕಂಪ್ಯೂಟರನ್ನು ತಂದೆ ಕಸಿದುಕೊಳ್ಳದಿರಲಿ. ಆಮೇಲೂ ಮನಸ್ಸು ಬದಲಾಗದಿದ್ದರೆ ದಾರಿ ಕಷ್ಟವಲ್ಲ: ಹೈದರಾಬಾದಿನಿಂದ ಹುಮನಾಬಾದಿಗೆ ಬರುವ ಹೆದ್ದಾರಿಯೇ ಸೊಲ್ಲಾಪುರದ ಮೇಲೆ ಪುಣೆಗೆ ಹೋಗುತ್ತದೆ.

ಬೀಗರಿಗಾಗಿ ಮಾತ್ರ ಊಟದ ಪಂಕ್ತಿಯ ವೀಡಿಯೊವನ್ನು ಒಂದು ಪೆನ್‌ಡ್ರೈವಿನಲ್ಲಿ ಬೇರೆಯಾಗಿ ಹಾಕಿ ಈ ವಾರವೇ ಬಸವಕಲ್ಯಾಣಕ್ಕೆ ಕಳುಹಿಸಿಬಿಡಲಿ.